ಪಗಾರ ಒಂದು, ಖರ್ಚು ಹಲವು
(ವಿಲೆ ಪಾರ್ಲೆಯಲ್ಲಿ ಸಂಘದ ಬಂಧುಗಳೆದುರು ಮಾಡಿದ ಭಾಷಣ)



ತಿಂಗಳ ಲೆಕ್ಕ ಬರೆಯುವಾಗ ನಾವು ಪಗಾರಕ್ಕೂ ಖರ್ಚಿಗೂ ನಡುವೆ ಸಮ ಚಿಹ್ನೆ ಹಾಕಿಬಿಡುತ್ತೇವೆ. ಕೈಯಲ್ಲಿ ಕಾಸೂ ಉಳಿಯುವುದಿಲ್ಲ. ಅಲ್ಲಿ ಬೇಕಾದದ್ದು ≤, ಅಂದರೆ 'ಮೀರಬಾರದು' ಎಂಬ ಗುರುತು. ≥ ಎಂದರೆ 'ಕಡಿಮೆಯಾಗಬಾರದು'. ಬಾಯಿ ತೆರೆದ ಕಡೆಗೆ ದೊಡ್ಡ ಮೊತ್ತ. ಈ ಬಾಯ್ದೆರೆದ ಗುರುತು ಇಂಗ್ಲೆಂಡಿನ ಥಾಮಸ್ ಹ್ಯಾರಿಯಟ್‌ನ ಗ್ರಂಥದಲ್ಲಿ 1631ರಲ್ಲೇ ಅಚ್ಚಾಗಿತ್ತು.

ಒಂದು ಲೆಕ್ಕ ನೋಡೋಣ. ಪಗಾರ 18,000 ರೂಪಾಯಿ. ಖೋಲಿ ಬಾಡಿಗೆಯ ಪಾಲು 4,000, ಊಟತಿಂಡಿ 3,500, ರೈಲು ಪಾಸು ಮತ್ತು ಫೋನು 1,000, ಆಪತ್ತಿಗೆಂದು ತೆಗೆದಿಡುವುದು 1,500, ಒಟ್ಟು 10,000. ಊರಿಗೆ ಕಳಿಸುವ ಹಣವನ್ನು 'ಊ' ಎನ್ನೋಣ.

10,000 + ಊ ≤ 18,000
ಆದ್ದರಿಂದ ಊ ≤ 8,000

ಊರಿನ ಮನೆ ನಡೆಯಲು 7,000 ಬೇಕೇ ಬೇಕು: ಊ ≥ 7,000. ಇಷ್ಟರವರೆಗೆ ಸರಿ.

ಈಗ ತಂಗಿಯ ಮದುವೆಗೆ ಸಾಲ ಮಾಡಿದೆವೆನ್ನಿ. ತಿಂಗಳ ಕಂತು 1,500. ಆಗ ಊ ≤ 6,500. ಏಳು ಸಾವಿರಕ್ಕೆ ಇಳಿಯದ, ಆರೂವರೆ ಸಾವಿರ ಮೀರದ ಮೊತ್ತ ಎಲ್ಲಾದರೂ ಉಂಟೇ? ಕಾಗದಕ್ಕೆ ಸಹಿ ಬೀಳುವ ಮೊದಲೇ ಲೆಕ್ಕ ಎಚ್ಚರಿಸಿತು: ಕಂತು 1,000 ಮೀರಕೂಡದು.

ಆಪತ್ತಿನ ಹಣ ಮುರಿದರಾಯಿತು ಎನ್ನುವಿರಾ? 1982ರ ಮುಷ್ಕರದ ಬಳಿಕ ಗಿರಣಿಗಳು ಒಂದೊಂದಾಗಿ ಮುಚ್ಚಿದವು. ಇದೇ ಪಾರ್ಲೆಯ ಬಿಸ್ಕತ್ತು ಕಾರ್ಖಾನೆ 2016ರಲ್ಲಿ ನಿಂತಿತು. ಪಗಾರ ನಿಂತ ತಿಂಗಳಿಗೆ ಅದೊಂದೇ ಆಸರೆ.

ಸಾಲದ ಕಾಗದ ಮುಂದೆ ಬಂದ ದಿನ ಮೊದಲು ಈ ಸಾಲು ಬರೆಯೋಣ, ಸಹಿ ಆಮೇಲೆ.