ನೂರರಲ್ಲಿ ಒಂದು ಕುರಿ
(ಶತಮಾನೋತ್ಸವದ ವಿಚಾರಗೋಷ್ಠಿಯಲ್ಲಿ ಧರ್ಮಕೇಂದ್ರದ ಗುರುಗಳು ಮಾಡಿದ ಭಾಷಣ)



ಈ ದೇವಾಲಯದ ನೂರನೆಯ ವರ್ಷದ ಸಂಭ್ರಮದಲ್ಲಿ ಯಾವ ವಿಷಯವನ್ನು ಕುರಿತು ಮಾತನಾಡುವಿರೆಂದು ಸ್ವಾಗತ ಸಮಿತಿಯವರು ಕೇಳಿದಾಗ ನಾವು ‘ಕೃತಕ ಬುದ್ಧಿಮತ್ತೆ’ ಎಂದೆವು. ಸಮಿತಿಯ ಹಿರಿಯರೊಬ್ಬರು ಒಂದು ಕ್ಷಣ ನಮ್ಮ ಮುಖವನ್ನೇ ನೋಡಿದರು. ಕಲ್ಲು ಹೊತ್ತು ಈ ಗುಡಿಯನ್ನು ಕಟ್ಟಿದ ಪೂರ್ವಿಕರನ್ನು ನೆನೆಯಬೇಕಾದ ದಿನ ಯಂತ್ರದ ಮಾತೇಕೆ ಎಂಬುದು ಅವರ ಪ್ರಶ್ನೆ. ಪ್ರಶ್ನೆ ನ್ಯಾಯವಾದುದೇ. ಅದಕ್ಕೆ ಉತ್ತರವನ್ನು ನಮ್ಮ ಗುರುಮನೆಯ ಬೀರುವಿನಲ್ಲಿರುವ ಜ್ಞಾನಸ್ನಾನದ ದಾಖಲೆ ಪುಸ್ತಕದಿಂದಲೇ ಆರಂಭಿಸುತ್ತೇವೆ.

ಆ ಪುಸ್ತಕದ ಹಳೆಯ ಪುಟಗಳನ್ನು ತಮ್ಮಲ್ಲಿ ಅನೇಕರು ನೋಡಿರಲಾರಿರಿ. ಒಂದೊಂದು ಸಾಲಿಗೆ ಒಂದೊಂದು ಮಗು. ಮಗುವಿನ ಹೆಸರು, ತಾಯಿತಂದೆಯರ ಹೆಸರು, ಜ್ಞಾನತಂದೆ ಜ್ಞಾನತಾಯಿಯರ ಹೆಸರು, ಕೊನೆಯಲ್ಲಿ ಗುರುಗಳ ರುಜು. ಅದೇ ಮಗು ಬೆಳೆದು ವಿವಾಹವಾದಾಗ ಅದೇ ಸಾಲಿನ ಪಕ್ಕದ ಅಂಚಿನಲ್ಲಿ ಇನ್ನೊಂದು ಶಾಯಿಯಲ್ಲಿ ಇನ್ನೊಂದು ಕೈಬರಹ. ಬರೆದ ಗುರುಗಳಿಗೆ ಆ ಮಗುವಿನ ಮುಖ ಗೊತ್ತಿತ್ತು, ಮನೆ ಗೊತ್ತಿತ್ತು, ಮನೆಯ ಕಷ್ಟವೂ ಗೊತ್ತಿತ್ತು. ಇಂದು ನಮ್ಮೆಲ್ಲರ ಹೆಸರುಗಳು ಎಷ್ಟೋ ಕಡೆಗಳಲ್ಲಿ ಬರೆಯಲ್ಪಟ್ಟಿವೆ. ಆದರೆ ಅವನ್ನು ಓದಿ ನಮ್ಮನ್ನು ಕುರಿತು ತೀರ್ಮಾನ ಮಾಡುವ ಯಂತ್ರಗಳಿಗೆ ನಮ್ಮ ಮುಖದ ಗುರುತಿಲ್ಲ. ನೂರು ವರ್ಷದ ಹಬ್ಬದಂದು ಇದನ್ನು ಚಿಂತಿಸದೆ ಮತ್ತೆಂದು ಚಿಂತಿಸೋಣ?

ಮೊದಲು ಈ ಯಂತ್ರವೆಂದರೇನು ಎಂಬುದನ್ನು ಸರಳವಾಗಿ ತಿಳಿಯೋಣ. 1956ರ ಬೇಸಿಗೆಯಲ್ಲಿ ಅಮೆರಿಕದ ಡಾರ್ಟ್‌ಮತ್ ಕಾಲೇಜಿನಲ್ಲಿ ಜಾನ್ ಮೆಕಾರ್ಥಿ ಮೊದಲಾದ ವಿದ್ವಾಂಸರು ಸಭೆ ಸೇರಿದಂದಿನಿಂದ ‘ಕೃತಕ ಬುದ್ಧಿಮತ್ತೆ’ ಎಂಬ ಹೆಸರು ಬಳಕೆಗೆ ಬಂದಿತು. ಬಹುಕಾಲ ಅದು ಪಂಡಿತರ ವಿಷಯವಾಗಿಯೇ ಉಳಿದಿತ್ತು. 2022ರ ನವೆಂಬರ್ ತಿಂಗಳಲ್ಲಿ ಚಾಟ್‌ಜಿಪಿಟಿ ಎಂಬುದು ಹೊರಬಂದ ಮೇಲೆ ಶಾಲಾಬಾಲಕರ ಕೈಗೂ ಬಂದಿತು. ಮನುಷ್ಯರು ಬರೆದ ಅಪಾರ ಬರಹರಾಶಿಯನ್ನು ಈ ಯಂತ್ರಕ್ಕೆ ಉಣಿಸುತ್ತಾರೆ. ಯಾವ ಮಾತಿನ ನಂತರ ಯಾವ ಮಾತು ಬರುವ ಸಂಭವ ಹೆಚ್ಚು ಎಂಬುದನ್ನು ಅದು ಲೆಕ್ಕಹಾಕಿ ಕಲಿಯುತ್ತದೆ. ಆ ಲೆಕ್ಕದಿಂದಲೇ ಉತ್ತರ ಹೆಣೆಯುತ್ತದೆ. ಆದುದರಿಂದಲೇ ಅದು ಸತ್ಯವನ್ನೂ ಸುಳ್ಳನ್ನೂ ಒಂದೇ ಧೈರ್ಯದಿಂದ ಹೇಳಬಲ್ಲುದು. ತಪ್ಪು ಹೇಳಿದೆನೆಂಬ ಅಳುಕು ಅದಕ್ಕಿಲ್ಲ. ಅಳುಕುವುದಕ್ಕೆ ಅಂತಃಕರಣ ಬೇಕು.

ಧರ್ಮಸಭೆಗೆ ಈ ವಿಷಯದಲ್ಲಿ ಏನು ಕೆಲಸವೆಂದು ಕೇಳುವವರುಂಟು. 1891ರಲ್ಲಿ ಜಗದ್ಗುರು ಹದಿಮೂರನೆಯ ಲಿಯೋರವರು ‘ರೇರುಂ ನೊವಾರುಂ’ ಎಂಬ ಪರಿಪತ್ರವನ್ನು ಹೊರಡಿಸಿ, ಕಾರ್ಖಾನೆಗಳ ಹೊಗೆಯಲ್ಲಿ ನಲುಗುತ್ತಿದ್ದ ಕೂಲಿಕಾರರ ನ್ಯಾಯವಾದ ವೇತನಕ್ಕಾಗಿ, ಸಂಘ ಕಟ್ಟಿಕೊಳ್ಳುವ ಹಕ್ಕಿಗಾಗಿ ದನಿಯೆತ್ತಿದರು. ಅಂದೂ ಗುರುಗಳಿಗೆ ಯಂತ್ರದ ಗೊಡವೆಯೇಕೆ ಎಂದವರಿದ್ದರು. 2025ರ ಮೇ ತಿಂಗಳಲ್ಲಿ ಆಯ್ಕೆಯಾದ ಜಗದ್ಗುರುಗಳು ಹದಿನಾಲ್ಕನೆಯ ಲಿಯೋ ಎಂಬ ಹೆಸರನ್ನು ಧರಿಸಿದುದಕ್ಕೆ ಇದೇ ಮುಖ್ಯ ಕಾರಣ. ಆಯ್ಕೆಯಾದ ಎರಡೇ ದಿನಗಳಲ್ಲಿ ಕಾರ್ಡಿನಲ್‌ಗಳ ಮುಂದೆ ಮಾತನಾಡುತ್ತಾ, ಕೃತಕ ಬುದ್ಧಿಮತ್ತೆಯು ಮತ್ತೊಂದು ಕೈಗಾರಿಕಾ ಕ್ರಾಂತಿಯಂತೆ ಮಾನವನ ಘನತೆ, ನ್ಯಾಯ ಮತ್ತು ದುಡಿಮೆಗೆ ಹೊಸ ಸವಾಲುಗಳನ್ನು ಒಡ್ಡಿದೆಯೆಂದು ಅವರು ತಿಳಿಸಿದರು. ಅವರಿಗಿಂತ ಮುಂಚೆ ದಿವಂಗತ ಜಗದ್ಗುರು ಫ್ರಾನ್ಸಿಸ್‌ರವರು 2024ರ ಜೂನ್ ತಿಂಗಳಲ್ಲಿ ಇಟಲಿಯಲ್ಲಿ ಸೇರಿದ್ದ ಏಳು ರಾಷ್ಟ್ರಗಳ ನಾಯಕರ ಸಭೆಗೆ ತಾವೇ ಹೋಗಿ, ಮನುಷ್ಯನ ಪ್ರಾಣ ತೆಗೆಯುವ ತೀರ್ಮಾನವನ್ನು ಯಾವ ಯಂತ್ರಕ್ಕೂ ಎಂದಿಗೂ ಬಿಡಕೂಡದೆಂದು ಬೇಡಿಕೊಂಡಿದ್ದರು. 2025ರ ಜನವರಿ 28ರಂದು ವ್ಯಾಟಿಕನ್ ಹೊರಡಿಸಿದ ‘ಆಂತಿಕ್ವಾ ಎತ್ ನೋವಾ’ ಎಂಬ ದಸ್ತಾವೇಜು, ಈ ಯಂತ್ರವನ್ನು ಮಾನವ ಬುದ್ಧಿಯ ಇನ್ನೊಂದು ರೂಪವೆಂದು ತಿಳಿಯದೆ, ಮಾನವ ಬುದ್ಧಿಯ ಒಂದು ಉತ್ಪನ್ನವೆಂದು ತಿಳಿಯಬೇಕೆಂದು ಬೋಧಿಸಿದೆ. ಇದು ಪದಗಳ ಜಗಳವಲ್ಲ. ಉತ್ಪನ್ನವಾದರೆ ಅದನ್ನು ಮಾಡಿದವನಿಗೂ ಬಳಸಿದವನಿಗೂ ಹೊಣೆಯುಂಟು.

ಹೊಣೆ ತಪ್ಪಿದಾಗ ಏನಾಗುವುದೆಂಬುದಕ್ಕೆ ಯೂರೋಪಿನ ಒಂದು ನಿದರ್ಶನವನ್ನು ತಮ್ಮ ಮುಂದಿಡುತ್ತೇವೆ. ನೆದರ್‌ಲ್ಯಾಂಡ್ಸ್ ದೇಶದಲ್ಲಿ, ದುಡಿಯುವ ತಾಯಿತಂದೆಯರು ಮಕ್ಕಳನ್ನು ಶಿಶುವಿಹಾರದಲ್ಲಿ ಬಿಟ್ಟುಹೋಗಲು ಸರಕಾರ ಧನಸಹಾಯ ನೀಡುತ್ತದೆ. ಯಾವ ಅರ್ಜಿಯಲ್ಲಿ ತಪ್ಪು ಅಥವಾ ಮೋಸ ಇರಬಹುದೆಂದು ಅಂದಾಜು ಮಾಡಲು ಅಲ್ಲಿಯ ತೆರಿಗೆ ಇಲಾಖೆ 2013ರಿಂದ ತಾನಾಗಿ ಕಲಿಯುವ ಒಂದು ಗಣಕವಿಧಾನವನ್ನು ಬಳಸತೊಡಗಿತು. ಅರ್ಜಿದಾರರು ಡಚ್ ಪೌರರೇ ಅಲ್ಲವೇ ಎಂಬುದೂ ಅದರ ಸಂಶಯದ ಗುರುತುಗಳಲ್ಲಿ ಒಂದಾಗಿತ್ತು. ಯಂತ್ರ ಹೆಚ್ಚು ಅಂಕ ಕೊಟ್ಟ ಅರ್ಜಿ ಅಧಿಕಾರಿಯ ಮೇಜಿಗೆ ಬರುತ್ತಿತ್ತು. ಆ ಅಂಕ ಏಕೆ ಬಂದಿತೆಂಬುದು ಮಾತ್ರ ಅಧಿಕಾರಿಗೂ ತಿಳಿಯುತ್ತಿರಲಿಲ್ಲ. ಒಂದು ರುಜು ಬಿಟ್ಟುಹೋದಂಥ ಸಣ್ಣ ತಪ್ಪಿಗೂ ವರ್ಷಗಳ ಸಹಾಯಧನವನ್ನೆಲ್ಲ ಹಿಂದಿರುಗಿಸುವಂತೆ ಆಜ್ಞೆಯಾಗುತ್ತಿತ್ತು. ಸಾವಿರಾರು ಕುಟುಂಬಗಳು ಸಾಲದಲ್ಲಿ ಮುಳುಗಿದವು. ಮನೆಗಳು ಹೋದವು, ಸಂಸಾರಗಳು ಒಡೆದವು. ಈ ಕುಟುಂಬಗಳ ಸಾವಿರಕ್ಕೂ ಹೆಚ್ಚು ಮಕ್ಕಳು ಮನೆಯಿಂದ ಹೊರಗೆ ಪೋಷಣೆಗೆ ಒಪ್ಪಿಸಲ್ಪಟ್ಟರು. 2020ರ ಡಿಸೆಂಬರಿನಲ್ಲಿ ಪಾರ್ಲಿಮೆಂಟಿನ ವಿಚಾರಣಾ ಸಮಿತಿಯು ಹಿಂದೆಂದೂ ಕಾಣದ ಅನ್ಯಾಯವೆಂದು ಇದನ್ನು ಕರೆಯಿತು. 2021ರ ಜನವರಿ 15ರಂದು ಪ್ರಧಾನಿ ಮಾರ್ಕ್ ರುಟ್ಟೆಯವರ ಇಡೀ ಮಂತ್ರಿಮಂಡಲ ರಾಜೀನಾಮೆ ಕೊಟ್ಟಿತು.

ಇಲ್ಲಿ ಯಂತ್ರವೊಂದೇ ಅಪರಾಧಿಯೆನ್ನುವುದು ಸರಿಯಾಗಲಾರದು. ಕಾನೂನು ಕಠಿಣವಾಗಿತ್ತು, ಅಧಿಕಾರಿಗಳ ಮನಸ್ಸು ಅದಕ್ಕಿಂತಲೂ ಕಠಿಣವಾಗಿತ್ತು. ಆದರೆ ಆ ಕಾಠಿಣ್ಯಕ್ಕೆ ಯಂತ್ರವು ವೇಗವನ್ನು ಕೊಟ್ಟಿತು. ಅದಕ್ಕಿಂತ ಕೆಟ್ಟದಾಗಿ, ‘ನಾನಲ್ಲ, ಲೆಕ್ಕ ಹೇಳುತ್ತಿದೆ’ ಎಂಬ ನೆಪವನ್ನೂ ಕೊಟ್ಟಿತು. ಪಿಲಾತನಿಗೆ ಕೈ ತೊಳೆಯಲು ನೀರಿನ ತಟ್ಟೆ ಬೇಕಾಯಿತು. ಇಂದಿನ ಪಿಲಾತನಿಗೆ ಕಂಪ್ಯೂಟರಿನ ತೆರೆ ಸಾಕು.

ದೂರದ ದೇಶದ ಮಾತು ಬಿಡಿ. ನಮ್ಮ ಧರ್ಮಕೇಂದ್ರದ ಒಬ್ಬ ವೃದ್ಧ ವಿಧವೆಯ ಪಿಂಚಣಿ ಕೆಲವು ವರ್ಷಗಳ ಹಿಂದೆ ನಿಂತುಹೋಯಿತು. ಒಂದು ಕಾಗದದಲ್ಲಿ ಜ್ಞಾನಸ್ನಾನದ ಹೆಸರು, ಇನ್ನೊಂದರಲ್ಲಿ ಮನೆಯಲ್ಲಿ ಕರೆಯುವ ಹೆಸರು. ಎರಡೂ ಒಬ್ಬಾಕೆಯದೇ ಎಂದು ಯಂತ್ರ ಒಪ್ಪಲಿಲ್ಲ. ಕೂಲಿ ಮಾಡಿ ಸವೆದ ಬೆರಳಿನ ಗುರುತೂ ಅದಕ್ಕೆ ಹತ್ತಲಿಲ್ಲ. ಕಚೇರಿಯ ಕಿಟಕಿಯಲ್ಲಿ ಕುಳಿತವರು ಒಳ್ಳೆಯವರೇ. ಆದರೂ ‘ಅಜ್ಜೀ, ಸಿಸ್ಟಮ್ಮೇ ತಗೊಳ್ತಿಲ್ಲ, ನಾನೇನು ಮಾಡಲಿ?’ ಎಂದು ಕಳುಹಿಸಿದರಂತೆ. ನಾವು ಹಳೆಯ ದಾಖಲೆ ಪುಸ್ತಕ ತೆಗೆದು, ಆಕೆಯ ಸಾಲನ್ನು ಹುಡುಕಿ, ನಕಲು ಬರೆದು ಮುದ್ರೆಯೊತ್ತಿ ಕೊಟ್ಟೆವು. ಐದು ತಿಂಗಳು ಕಳೆದ ಮೇಲೆ ಹಣ ಬಂದಿತು. ಆ ಐದು ತಿಂಗಳು ಆಕೆ ಏನು ಉಂಡಳೆಂಬುದು ಯಾವ ಲೆಕ್ಕದಲ್ಲಿಯೂ ಬರೆದಿಲ್ಲ.

ನೂರು ಅರ್ಜಿಗಳಲ್ಲಿ ತೊಂಬತ್ತೊಂಬತ್ತನ್ನು ಸರಿಯಾಗಿ ವಿಂಗಡಿಸಿದ ಯಂತ್ರವನ್ನು ಲೋಕ ಕೊಂಡಾಡುತ್ತದೆ. ವ್ಯಾಪಾರಕ್ಕೆ ಅಷ್ಟು ಸಾಕಾದೀತು. ಆದರೆ ನಮ್ಮ ಪ್ರಭುಗಳು ಹೇಳಿದ ಸಾಮತಿಯ ಕುರುಬನ ಎಣಿಕೆಯೇ ಬೇರೆ. ತೊಂಬತ್ತೊಂಬತ್ತನ್ನು ಬಿಟ್ಟು ಅವನು ಕಾಣೆಯಾದ ಒಂದನ್ನು ಅರಸಿ ಹೋದನು. ಹಾಗೆಂದು ಅವನಿಗೆ ಲೆಕ್ಕ ಬಾರದೆಂದು ತಿಳಿಯಬೇಡಿ. ಲೆಕ್ಕ ಬಂದುದರಿಂದಲೇ ಒಂದು ಕಡಿಮೆಯಾಯಿತೆಂದು ಅವನಿಗೆ ತಿಳಿಯಿತು. ಎಣಿಸುವ ಕೆಲಸಕ್ಕೆ ಯಂತ್ರ ನೆರವಾಗಲಿ. ಅರಸಿಕೊಂಡು ಹೋಗುವ ಕಾಲು ಮಾತ್ರ ಮನುಷ್ಯನದೇ ಆಗಿರಬೇಕು.

ಇನ್ನು ಸತ್ಯದ ವಿಷಯ. 2023ರ ಮಾರ್ಚ್ ತಿಂಗಳಲ್ಲಿ ಜಗದ್ಗುರು ಫ್ರಾನ್ಸಿಸ್‌ರವರು ದೊಡ್ಡ ಬಿಳಿಯ ಉಬ್ಬು ಕೋಟು ತೊಟ್ಟ ಚಿತ್ರವೊಂದು ಲೋಕವನ್ನೆಲ್ಲ ಸುತ್ತಿತು. ತಮ್ಮಲ್ಲಿ ಕೆಲವರು ಅದನ್ನು ನಮಗೂ ಕಳುಹಿಸಿದ್ದಿರಿ. ಅದು ಯಂತ್ರ ರಚಿಸಿದ ಸುಳ್ಳು ಚಿತ್ರ. ಕೋಟಿನ ಚಿತ್ರವನ್ನು ಕಂಡು ನಕ್ಕು ಸುಮ್ಮನಾಗಬಹುದು. ಆದರೆ ಇದೇ ವಿದ್ಯೆ ಮಗನ ಧ್ವನಿಯನ್ನು ಕದ್ದು ತಾಯಿಗೆ ಫೋನು ಮಾಡಬಲ್ಲುದು. ಪೊಲೀಸರ ವೇಷದಲ್ಲಿ ವೀಡಿಯೋ ಕರೆ ಮಾಡಿ, ‘ನಿಮ್ಮನ್ನು ಡಿಜಿಟಲ್ ಅರೆಸ್ಟ್ ಮಾಡಿದ್ದೇವೆ’ ಎಂದು ವೃದ್ಧರ ಕೂಡಿಟ್ಟ ಹಣ ದೋಚುವವರ ಬಗ್ಗೆ 2024ರ ಅಕ್ಟೋಬರಿನಲ್ಲಿ ಪ್ರಧಾನಮಂತ್ರಿಯವರೇ ಬಾನುಲಿಯಲ್ಲಿ ಎಚ್ಚರಿಸಬೇಕಾಯಿತು; ಅಂಥ ಬಂಧನ ಯಾವ ಕಾನೂನಿನಲ್ಲಿಯೂ ಇಲ್ಲ. ಗಲ್ಫಿನಲ್ಲಿಯೋ ಬೆಂಗಳೂರಿನಲ್ಲಿಯೋ ಮಕ್ಕಳಿರುವ ತಾಯಂದಿರಿಗೆ ನಮ್ಮದೊಂದು ಮಾತು: ಅಳುವ ಧ್ವನಿ ಹಣ ಕೇಳಿದರೆ ಫೋನು ಇಡಿ, ಮಗನ ಹಳೆಯ ನಂಬರಿಗೆ ನೀವೇ ಮಾಡಿ. ಮೋಸ ಹೋಗಿದ್ದರೆ ನಾಚಿಕೊಂಡು ಕೂರದೆ ಕೂಡಲೇ 1930ಕ್ಕೆ ತಿಳಿಸಿ. ಹಾಗೆಯೇ, ಇನ್ನೊಬ್ಬರ ಮಾನ ಕಳೆಯುವ ಚಿತ್ರವನ್ನು ನಿಜವೋ ಸುಳ್ಳೋ ನೋಡದೆ ಮುಂದಕ್ಕೆ ಕಳುಹಿಸುವುದು ಸುಳ್ಳುಸಾಕ್ಷಿಯೇ ಸರಿ. ಪಾಪನಿವೇದನೆಯಲ್ಲಿ ಹೇಳಬೇಕಾದ ಪಾಪ.

ದುಡಿಮೆಯ ವಿಷಯವನ್ನೂ ಮರೆಯಬಾರದು. ಯಂತ್ರ ತಾನಾಗಿ ಶುದ್ಧ ಮಾತು ಕಲಿಯಿತೆಂದು ನಾವು ತಿಳಿಯುತ್ತೇವೆ. ಕೆನ್ಯಾ ದೇಶದ ಬಡ ಕೆಲಸಗಾರರು ಗಂಟೆಗೆ 2 ಡಾಲರಿಗಿಂತ ಕಡಿಮೆ ಕೂಲಿಗೆ, ಓದಿದರೆ ನಿದ್ದೆ ಬಾರದಂಥ ಹಿಂಸೆಯ, ಅಶ್ಲೀಲದ ಬರಹಗಳನ್ನು ದಿನವಿಡೀ ಓದಿ ಗುರುತುಹಾಕಿಕೊಟ್ಟುದರಿಂದ ಅದು ಶುದ್ಧವಾಯಿತೆಂಬುದು 2023ರಲ್ಲಿ ಬಯಲಾಯಿತು. ನಮ್ಮ ಮನೆಯ ಚರಂಡಿ ಯಾರು ತೊಳೆದರೆಂದು ಕೇಳದ ಹಳೆಯ ಪಾಪವೇ ಹೊಸ ಅಂಗಿ ತೊಟ್ಟು ಬಂದಿದೆ.

ಈ ವಿದ್ಯೆಯಿಂದ ಒಳಿತೇ ಇಲ್ಲವೆಂದು ನಾವು ಹೇಳಿದರೆ ಅದೂ ಅಸತ್ಯವಾದೀತು. ಎದೆಯ ಎಕ್ಸ್‌ರೇ ನೋಡಿ ಕ್ಷಯರೋಗದ ಲಕ್ಷಣ ಗುರುತಿಸುವ ಇಂಥ ವಿಧಾನಗಳನ್ನು ವಿಶ್ವ ಆರೋಗ್ಯ ಸಂಸ್ಥೆಯು 2021ರಲ್ಲಿ ಅಂಗೀಕರಿಸಿತು. ಎಕ್ಸ್‌ರೇ ಓದುವ ವೈದ್ಯರೇ ಇಲ್ಲದ ಊರುಗಳಿಗೆ ಇದು ವರ. ಕಣ್ಣು ಕಾಣದವರಿಗೆ ಪುಸ್ತಕ ಓದಿ ಹೇಳುವ, ಕನ್ನಡ ಬಿಟ್ಟು ಬೇರೆ ಭಾಷೆ ಬಾರದವರಿಗೆ ಆಸ್ಪತ್ರೆಯ ಕಾಗದವನ್ನು ಅನುವಾದಿಸುವ ಯಂತ್ರವನ್ನು ಯಾರು ಹಳಿಯುವರು? ಕುಲುಮೆಯ ಬೆಂಕಿಯಲ್ಲಿ ನೇಗಿಲ ಗುಳವೂ ಆಗುತ್ತದೆ, ಕತ್ತಿಯೂ ಆಗುತ್ತದೆ.

ಕೊನೆಯದಾಗಿ ನಮ್ಮದೇ ಒಂದು ತಪ್ಪನ್ನು ಒಪ್ಪಿಕೊಳ್ಳದೆ ಈ ವೇದಿಕೆಯಿಂದ ಇಳಿಯುವುದು ಸರಿಯಲ್ಲ. ಕಳೆದ ವರ್ಷ ಒಂದು ದಿನ ಎರಡು ಮದುವೆ, ಒಂದು ಶವಸಂಸ್ಕಾರ ಒಟ್ಟಿಗೆ ಬಂದುವು. ದೇಹ ದಣಿದಿತ್ತು. ಯುವಕನೊಬ್ಬನು ತನ್ನ ಫೋನಿನಲ್ಲಿ ಕೇಳಿ, ಶವಸಂಸ್ಕಾರದ ಪ್ರಸಂಗವನ್ನು ಒಂದು ನಿಮಿಷದಲ್ಲಿ ಬರೆಸಿಕೊಟ್ಟನು. ಭಾಷೆಯಲ್ಲಿ ದೋಷವಿರಲಿಲ್ಲ, ಬೋಧನೆಯಲ್ಲಿಯೂ ದೋಷವಿರಲಿಲ್ಲ. ಹಾಗೆಯೇ ಓದಿದೆವು. ಸಮಾಧಿಯ ಬಳಿ ಮಣ್ಣು ಹಾಕಿದ ಮೇಲೆ ತೀರಿಕೊಂಡವರ ಹೆಂಡತಿ ನಮ್ಮ ಹತ್ತಿರ ಬಂದು, ಆಕ್ಷೇಪಣೆಯ ದನಿಯಲ್ಲಿ ಅಲ್ಲ, ಮೆಲ್ಲಗೆ ಕೇಳಿದರು: ‘ಸ್ವಾಮಿ, ಪ್ರಸಂಗ ಚೆನ್ನಾಗಿತ್ತು. ಅದರಲ್ಲಿ ನಮ್ಮ ಯಜಮಾನರು ಎಲ್ಲಿದ್ದರು?’

ನಲವತ್ತು ವರ್ಷ ಈ ಗುಡಿಯ ಗಂಟೆ ಬಾರಿಸಿದ ಮನುಷ್ಯ ಆತ. ಮಳೆಗಾಲದ ನಸುಕಿನಲ್ಲಿ ಗೋಣಿಕೊಪ್ಪೆ ಹೊದ್ದು ಬಂದು ಬಾಗಿಲು ತೆರೆಯುತ್ತಿದ್ದುದನ್ನು ನಾವು ಬಲ್ಲೆವು; ಯಂತ್ರ ಅರಿಯದು. ಬಲ್ಲವರು ಸುಮ್ಮನಿದ್ದು, ಅರಿಯದುದರ ಬಾಯಿಂದ ಮಾತನಾಡಿಸಿದೆವು. ಅಂದು ರಾತ್ರಿ ನಾವು ಆ ಮನೆಗೆ ಹೋಗಿ ಕ್ಷಮೆ ಕೇಳಿದೆವು. ಮೂವತ್ತನೆಯ ದಿನದ ಪೂಜೆಯಲ್ಲಿ ಆತನ ಗಂಟೆಯನ್ನು ಕುರಿತು ತೊದಲುತ್ತಲೇ ನಾಲ್ಕು ಮಾತು ಆಡಿದೆವು. ಆಕೆ ಅತ್ತರು, ನಾವೂ ಅತ್ತೆವು.

ಆದುದರಿಂದ, ಪ್ರಿಯ ಬಂಧುಗಳೇ, ನಮ್ಮ ಧರ್ಮಕೇಂದ್ರದ ಮಂಡಳಿಯು ಈ ಶತಮಾನೋತ್ಸವದ ನೆನಪಿಗೆ ಮೂರು ನಿರ್ಣಯಗಳನ್ನು ಕೈಗೊಳ್ಳಬೇಕೆಂದು ಕೋರುತ್ತೇವೆ. ಶತಮಾನೋತ್ಸವದ ವಿದ್ಯಾನಿಧಿಯ ಲೆಕ್ಕವನ್ನು ಕಂಪ್ಯೂಟರ್ ಇಡಲಿ. ಆದರೆ ಯಾವ ಮಗುವಿಗೂ ಮನೆಗೆ ಹೋಗಿ ನೋಡದೆ ಇಲ್ಲವೆನ್ನಕೂಡದು. ಕಾಗದಪತ್ರದ ತೊಡಕಿನಿಂದ ಪಿಂಚಣಿ, ಪಡಿತರ ನಿಂತ ಬಡವರೊಡನೆ, ಯಾವ ಮತದವರೇ ಆಗಿರಲಿ, ಕಚೇರಿಗೆ ಹೋಗಿಬರಲು ನಮ್ಮ ಓದಿದ ಯುವಕ ಯುವತಿಯರು ವಾರಕ್ಕೊಂದು ಸಂಜೆ ಗುರುಮನೆಯಲ್ಲಿ ಕೂರಲಿ. ಮೂರನೆಯದು ನಮಗೇ ನಾವು ಹಾಕಿಕೊಂಡ ಕಟ್ಟಳೆ: ಈ ಪೀಠದಿಂದ ತಾವು ಕೇಳುವ ಪ್ರಸಂಗ ಚಿಕ್ಕದಾಗಿರಬಹುದು, ಒರಟಾಗಿರಬಹುದು, ಆದರೆ ತಮ್ಮನ್ನು ಬಲ್ಲವನ ಮಾತಾಗಿರುತ್ತದೆ.

ಇನ್ನು ನೂರು ವರ್ಷಗಳ ಮೇಲೆ ಯಾರೋ ಒಬ್ಬ ಗುರುಗಳು ಅದೇ ಬೀರುವನ್ನು ತೆರೆದು ನಮ್ಮ ಕಾಲದ ಪುಟಗಳನ್ನು ತಿರುವಿದಾಗ, ಒಂದೊಂದು ಹೆಸರನ್ನೂ ಮುಖ ನೋಡಿ ಬರೆದರೆಂದು ಅವರಿಗೆ ತೋರಲಿ. ಕಾಣೆಯಾದ ಒಂದನ್ನು ಅರಸಿ ಹೊರಟ ಆ ಒಳ್ಳೆಯ ಕುರಿಗಾಹಿಯು ತಮ್ಮನ್ನೂ ತಮ್ಮ ಮನೆಮಕ್ಕಳನ್ನೂ ಹರಸಿ ಕಾಪಾಡಲಿ. ಆಮೆನ್.