ವಿಷದ ಬಾಟಲಿಯ ಮೇಲೆ ಕನ್ನಡ ಎಲ್ಲಿ?



ಬ್ಯಾಂಕಿನಲ್ಲಿ ಕನ್ನಡ ಬೇಕು, ಎಟಿಎಂನಲ್ಲಿ ಕನ್ನಡ ಬೇಕು, ವಿಮಾನದ ಘೋಷಣೆ ಕನ್ನಡದಲ್ಲಾಗಬೇಕು ಅಂತ ನಾವೆಲ್ಲ ಮಿಂಚೆ ಬರೆದವರೇ. ಬರೆಯಲೇಬೇಕು ಬಿಡಿ. ಆದರೆ ಎಟಿಎಂನಲ್ಲಿ ಕನ್ನಡ ಇಲ್ಲ ಅಂತ ಯಾರ ಜೀವವೂ ಹೋಗುವುದಿಲ್ಲ. ಕೀಟನಾಶಕದ ಬಾಟಲಿಯ ಮೇಲೆ ಬರೆದದ್ದು ಅರ್ಥವಾಗದಿದ್ದರೆ ಹೋಗಬಹುದು.

ಹೈವೇ ಬಿಟ್ಟು ಹೊಲಗಳ ಕಡೆ ಹೋದವರು ಇಲ್ಲಿ ಅಮೆರಿಕದಲ್ಲಿ ಒಂದು ಬೋರ್ಡು ನೋಡಿರಬಹುದು. ಅಂಗೈ ಎತ್ತಿ ತಡೆಯುವ ಮನುಷ್ಯನ ಚಿತ್ರ, 'ಡೇಂಜರ್' ಎಂಬ ಮಾತು, ಜೊತೆಗೆ ಸ್ಪ್ಯಾನಿಷ್‌ನಲ್ಲಿ 'ಪೆಲಿಗ್ರೊ'. ಕೂಲಿಗಳು ಬೇರೆ ಭಾಷೆಯವರಾದರೆ ಸ್ಪ್ಯಾನಿಷ್ ಜಾಗದಲ್ಲಿ ಅವರ ಭಾಷೆ ಹಾಕಬಹುದು. 1992ರ ಕೇಂದ್ರ ನಿಯಮವನ್ನು 2015ರಲ್ಲಿ ಬಿಗಿ ಮಾಡಿದರು. ಕೀಟನಾಶಕ ಬಳಸುವ ಹೊಲಗಳ ಕೆಲಸಗಾರರಿಗೆ ವರ್ಷಕ್ಕೊಮ್ಮೆ ಅವರಿಗೆ ತಿಳಿಯುವ ಭಾಷೆಯಲ್ಲಿ ತರಬೇತಿ ಕೊಡಬೇಕು. 2022ರ ಕೊನೆಗೆ ಬಂದ ಇನ್ನೊಂದು ಕಾನೂನಿನ ಪ್ರಕಾರ ಲೇಬಲ್ಲಿನ ಸುರಕ್ಷತೆಯ ಭಾಗ ಹಂತಹಂತವಾಗಿ ಸ್ಪ್ಯಾನಿಷ್‌ನಲ್ಲೂ ಬರಬೇಕು. ಹೆಚ್ಚು ಅಪಾಯದವಕ್ಕೆ ಕೊಟ್ಟ ಗಡುವು 2025ರ ಡಿಸೆಂಬರ್. ಹಾಗಂತ ಇಲ್ಲಿ ಎಲ್ಲ ಸರಿಯಿದೆ ಅಂತಲ್ಲ. ಕಾಗದಪತ್ರ ಇಲ್ಲದ ಕೂಲಿಯವನು ದೂರು ಕೊಡಲು ಹೆದರುತ್ತಾನೆ. ಆದರೂ 'ಇಂಗ್ಲಿಷ್ ಕಲಿತು ಬಾ' ಅಂತ ಕಾನೂನು ಅವನಿಗೆ ಹೇಳಲಿಲ್ಲ.

ನಮ್ಮಲ್ಲಿ ಕಾನೂನು ಇಲ್ಲವೇ? ಇದೆ, ಇವರಿಗಿಂತ ಹಳೆಯದು. 1968ರ ಕೀಟನಾಶಕ ಕಾಯ್ದೆ, 1971ರ ನಿಯಮಗಳು. ಹಿಂದಿ, ಇಂಗ್ಲಿಷ್ ಜೊತೆಗೆ ಮಾರಾಟವಾಗುವ ಪ್ರದೇಶದ ಒಂದೆರಡು ಭಾಷೆಗಳಲ್ಲಿ ಲೇಬಲ್ಲು ಮತ್ತು ಮಾಹಿತಿ ಚೀಟಿ ಇರಬೇಕು ಎನ್ನುತ್ತದೆ 19ನೇ ನಿಯಮ. ಆಚರಣೆಯಲ್ಲಿ ನಮ್ಮ ಕೈಗೆ ಬರುವುದು ಹತ್ತು ಮಡಿಕೆಯ ಒಂದು ಚೀಟಿ, ಅದರ ಯಾವುದೋ ಮೂಲೆಯಲ್ಲಿ ಸಾಸಿವೆ ಕಾಳಿನಂಥ ಕನ್ನಡ. ಅನುವಾದವೂ ಹೇಗಿರುತ್ತದೆಂದರೆ ಇಂಗ್ಲಿಷೇ ವಾಸಿ ಅನ್ನಿಸುತ್ತದೆ. ಬಾಟಲಿಯ ಮೇಲಿನ ತ್ರಿಕೋನದ ಬಣ್ಣ ವಿಷದ ತೀವ್ರತೆ ಹೇಳುತ್ತದೆ: ಕೆಂಪು ಅತಿ ಘೋರ, ಆಮೇಲೆ ಹಳದಿ, ನೀಲಿ, ಹಸಿರು. ಹಸಿರು ಎಂದರೆ ಬೆಳೆಗೆ ಒಳ್ಳೆಯದು, ಹಳದಿ ಎಂದರೆ ಅರಿಶಿನ ಎಂದುಕೊಳ್ಳುವವರಿಗೆ ಇದನ್ನು ಯಾರು ಬಿಡಿಸಿ ಹೇಳಬೇಕು?

ತಪ್ಪು ಕಂಪನಿಯದ್ದು ಮಾತ್ರವಲ್ಲ, ನಮ್ಮ ಬಾಯಿಯದ್ದೂ ಹೌದು. ಲೇಬಲ್ಲಿನ ಮೇಲೆ 'ಸುರಕ್ಷಿತ' ಅಂತ ಬರೆಯುವಂತಿಲ್ಲ ಎನ್ನುತ್ತದೆ ಅದೇ ನಿಯಮ. ನಾವೋ ಅದನ್ನು ಔಷಧಿ ಅನ್ನುತ್ತೇವೆ. ಕರಾವಳಿಯಲ್ಲಿ ಮದ್ದು, ಉತ್ತರ ಕರ್ನಾಟಕದಲ್ಲಿ ಎಣ್ಣೆ. ಔಷಧಿ ಕೈಗೆ ತಾಗಿದರೆ ಏನಾಗುತ್ತದೆ ಅಂತ ಯಾರಾದರೂ ಹೆದರುತ್ತಾರೆಯೇ! ಕೋಲಿನ ಬದಲು ಕೈಯಲ್ಲೇ ಕಲಕುತ್ತಾರೆ. ನಾಜಲ್ ಕಟ್ಟಿಕೊಂಡರೆ ಬಾಯಲ್ಲಿ ಊದುತ್ತಾರೆ. ಬೆನ್ನಿಗೆ ಹೊತ್ತ ಪಂಪು ಸೋರಿ ಅಂಗಿ, ಚಡ್ಡಿ ನೆನೆಯುತ್ತವೆ. ಮೊನೋಕ್ರೋಟೋಫಾಸ್‌ನಂಥ ಆರ್ಗನೋಫಾಸ್ಫೇಟ್‌ಗಳು ಹೊಟ್ಟೆಗೇ ಹೋಗಬೇಕೆಂದಿಲ್ಲ, ಚರ್ಮದಿಂದಲೂ ಇಳಿಯುತ್ತವೆ. ನರದ ಸಂದೇಶ ಮುಗಿದ ಮೇಲೆ ಅದನ್ನು ಅಳಿಸುವ ಕಿಣ್ವವೊಂದಿದೆ, ಇವು ಅದನ್ನೇ ತಡೆಯುತ್ತವೆ. ಬೆವರು, ಜೊಲ್ಲು, ವಾಂತಿ, ಕಣ್ಣಿನ ಪಾಪೆ ಸೂಜಿಮೊನೆಯಷ್ಟಾಗುವುದು, ಕೊನೆಗೆ ಉಸಿರಾಟ ನಿಲ್ಲುವುದು. ಮೊದಲು ಕಾಣುವ ತಲೆನೋವು, ಸುಸ್ತನ್ನು 'ಬಿಸಿಲು ಬಡಿದಿದೆ' ಅಂತ ಮಜ್ಜಿಗೆ ಕುಡಿಸಿ ಮಲಗಿಸುತ್ತಾರೆ. ಆಸ್ಪತ್ರೆಗೆ ಒಯ್ದರೆ ಅಟ್ರೋಪಿನ್ ಇಂಜೆಕ್ಷನ್ ಇದೆ, ಬೇಗ ಒಯ್ಯಬೇಕಷ್ಟೆ. ಬಾಟಲಿಯನ್ನೂ ತೆಗೆದುಕೊಂಡು ಹೋಗಬೇಕು, ಯಾವ ವಿಷವೆಂದು ಡಾಕ್ಟರಿಗೆ ಗೊತ್ತಾಗಲು.

ನಮ್ಮ ರಾಯಚೂರು, ಹಾವೇರಿಗಳಂತೆ ಹತ್ತಿ ಬೆಳೆಯುವ ವಿದರ್ಭದ ಯವತಮಾಳದಲ್ಲಿ 2017ರ ಮಳೆಗಾಲದಲ್ಲಿ ಏನಾಯಿತು ನೆನಪಿಸಿಕೊಳ್ಳಿ. ಗಿಡ ಆಳೆತ್ತರ ಬೆಳೆದಿತ್ತು, ಸಿಂಪಡಿಸಿದ್ದು ಮುಖಕ್ಕೇ ಬರುತ್ತಿತ್ತು. ಆ ಒಂದೇ ಜಿಲ್ಲೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಜನ ಸತ್ತರು, ನೂರಾರು ಮಂದಿ ಆಸ್ಪತ್ರೆ ಸೇರಿದರು. ಸತ್ತವರಲ್ಲಿ ದಿನಗೂಲಿಗೆ ಪಂಪು ಹೊತ್ತವರೂ ಇದ್ದರು. ಹೊಲ ಅವರದಲ್ಲ, ಬಾಟಲಿ ಕೊಂಡವರೂ ಅವರಲ್ಲ.

ಕಾಸರಗೋಡಿನ ಎಣ್ಮಕಜೆಯ ಕಥೆ ನಿಮಗೆ ಗೊತ್ತು. ಗೇರು ತೋಟಗಳ ಮೇಲೆ 2000ದ ಕೊನೆಯವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿದರು. ದಕ್ಷಿಣ ಕನ್ನಡದ ಕೊಕ್ಕಡ, ಪಟ್ರಮೆಗಳಲ್ಲೂ ಅದೇ ಪಾಡು. ಪಡ್ರೆಯ ಪತ್ರಕರ್ತ ಶ್ರೀಪಡ್ರೆ, ಡಾಕ್ಟರ್ ಮೋಹನ ಕುಮಾರ್ ಊರಿನಲ್ಲೇ ಕೂತು ಬರೆದದ್ದನ್ನು ಜಗತ್ತು ಕೇಳಿಸಿಕೊಳ್ಳಲು ವರ್ಷಗಳೇ ಹಿಡಿದವು. ಸುಪ್ರೀಂ ಕೋರ್ಟ್ ತಡೆ ಕೊಟ್ಟದ್ದು 2011ರ ಮೇ ತಿಂಗಳಲ್ಲಿ.

ಇನ್ನು ನಾವು ಮಾಡಬಹುದಾದದ್ದು. ರಬ್ಬರ್ ಸೂಟು ಕೊಡಿಸೋಣ ಅಂತ ಒಬ್ಬರು ಹೇಳಿದರು. ಮೂವತ್ತೆಂಟು ಡಿಗ್ರಿಯಲ್ಲಿ ಅದನ್ನು ಹಾಕಿ ಅರ್ಧ ಎಕರೆ ನಡೆದು ನೋಡಿ, ಆಮೇಲೆ ಮಾತಾಡೋಣ. ಕೈಗವಸು, ಉದ್ದ ತೋಳಿನ ಅಂಗಿ, ಸೋರದ ಪಂಪು, ಗಾಳಿಗೆ ಬೆನ್ನು ಮಾಡಿ ಬೆಳಗಿನ ಹೊತ್ತಿನಲ್ಲಿ ಸಿಂಪಡಣೆ, ಆಮೇಲೆ ಸೋಪು ಹಚ್ಚಿ ಸ್ನಾನ. ಇಷ್ಟಾದರೂ ಆದೀತು. ಆದರೆ ಇದನ್ನು ಹೇಳಬೇಕಾದ ಚೀಟಿ ಓದುವಂತಿರಬೇಕಲ್ಲ.

ರಜೆಗೆ ಊರಿಗೆ ಹೋದಾಗ ಸೊಸೈಟಿಯಲ್ಲೋ ಗೊಬ್ಬರದ ಅಂಗಡಿಯಲ್ಲೋ ಸಿಗುವ ಬಾಟಲಿ ಮತ್ತು ಚೀಟಿಯ ಫೋಟೋ ತೆಗೆಯಿರಿ. ಕಂಪನಿ, ಬ್ಯಾಚ್ ನಂಬರು, ತ್ರಿಕೋನದ ಬಣ್ಣ ಕಾಣಬೇಕು. ಪಕ್ಕದಲ್ಲಿ ಒಂದು ರೂಪಾಯಿ ನಾಣ್ಯ ಇಡಿ, ಅಕ್ಷರದ ಗಾತ್ರ ತಿಳಿಯುತ್ತದೆ. ಕನ್ನಡ ಇಲ್ಲದಿದ್ದರೆ, ಇದ್ದೂ ಓದಲಾಗದಿದ್ದರೆ, 19ನೇ ನಿಯಮ ಉಲ್ಲೇಖಿಸಿ ಕಂಪನಿಗೂ ರಾಜ್ಯದ ಕೃಷಿ ಇಲಾಖೆಗೂ ಒಂದೇ ಪತ್ರ ಬರೆಯೋಣ. ಕರಡು ನಾನು ಮಾಡಿದ್ದೇನೆ, 'ಔಷಧಿ' ಎಂದಿರುವ ಕಡೆಯೆಲ್ಲ 'ವಿಷ' ಎಂದು ತಿದ್ದಿದ್ದೇನೆ. ಊಟದ ಹೊತ್ತಿಗೆ ಪ್ರತಿಗಳನ್ನು ಹಂಚುತ್ತೇನೆ, ಸಹಿ ಹಾಕುವ ಮೊದಲು ಓದಿ ತಿದ್ದಿಕೊಡಿ.