ಗುಜರಿಯಿಂದ ಗಗನಕ್ಕೆ



ವಸ್ತುಸಂಗ್ರಹಾಲಯದಲ್ಲಿ ಹಳೆಯ ಯುದ್ಧವಿಮಾನವನ್ನು ನೋಡಿದಾಗ ‘ಇದು ಮತ್ತೆ ಹಾರಬಲ್ಲದೇ?’ ಎಂಬ ಪ್ರಶ್ನೆ ನಿಮಗೆ ಹೊಳೆದಿರಬಹುದು. ಬರಿಯ ಪ್ರದರ್ಶನಕ್ಕಾದರೆ ಕೊಳೆ ತೆಗೆದು ಬಣ್ಣ ಬಳಿದರೂ ನಡೆದೀತು. ಹಾರಿಸುವುದಾದರೆ ಮಾತೇ ಬೇರೆ. ಒಣಗಿ ಬಿರಿದ ರಬ್ಬರ್ ಕೊಳವೆ, ಸವೆದ ಕಂಟ್ರೋಲ್ ತಂತಿ, ಸಡಿಲಗೊಂಡ ಒಂದು ರಿವೆಟ್ ಸಾಲು – ಇವುಗಳಲ್ಲಿ ಯಾವುದೊಂದು ಉಳಿದರೂ ಅಪಾಯ ತಪ್ಪಿದ್ದಲ್ಲ. ಇಂಥ ಕೆಲಸವನ್ನು ನಮ್ಮ ಬೆಂಗಳೂರಿನವರು 1948ರಲ್ಲಿಯೇ ಮಾಡಿ ತೋರಿಸಿದ್ದಾರೆ.

ಎರಡನೆಯ ಮಹಾಯುದ್ಧ ಮುಗಿದ ಮೇಲೆ ಬ್ರಿಟಿಷ್ ವಾಯುಪಡೆ ತನ್ನ ಬಿ-24 ಲಿಬರೇಟರ್ ಬಾಂಬರುಗಳನ್ನು ಕಾನ್ಪುರದಲ್ಲಿ ಬಿಟ್ಟುಹೋಯಿತು. ಅಮೆರಿಕದಿಂದ ಯುದ್ಧಕಾಲದ ಒಪ್ಪಂದದಂತೆ ಬಂದಿದ್ದ ವಿಮಾನಗಳವು. ಯುದ್ಧಾನಂತರ ಅವನ್ನು ಹಿಂದಿರುಗಿಸಬೇಕು, ಇಲ್ಲವೇ ನಿರುಪಯೋಗಿಯಾಗಿಸಬೇಕು. ಹಾಗಾಗಿ ಇನ್ನಾರೂ ಬಳಸದಂತೆ ಅವನ್ನು ಬೇಕೆಂದೇ ಕೆಡಿಸಿದ್ದರು. ಮೇಲಿನಿಂದ ಮಳೆ, ಬಿಸಿಲು, ಧೂಳು.

ಸ್ವತಂತ್ರ ಭಾರತದ ಬಳಿ ಆಗ ಭಾರೀ ಬಾಂಬರುಗಳಿರಲಿಲ್ಲ. ಈ ಗುಜರಿಯನ್ನು ಹಾರುವಂತೆ ಮಾಡುವ ಹೊಣೆ ಬೆಂಗಳೂರಿನ ಹಿಂದೂಸ್ತಾನ್ ಏರ್‌ಕ್ರಾಫ್ಟ್ ಸಂಸ್ಥೆಯ ಪಾಲಿಗೆ ಬಂತು. ಕಾನ್ಪುರದಲ್ಲಿ ಅಲ್ಲಿಂದಿಲ್ಲಿಗೆ ಬಿಡಿಭಾಗ ಜೋಡಿಸಿ, ಹೇಗೋ ಮೇಲೇಳುವಷ್ಟು ತೇಪೆ ಹಾಕಿದರು. ಪರೀಕ್ಷಾ ಪೈಲಟ್ ಜಮ್‌ಶೆಡ್ ಮುನ್ಶಿ ಅವನ್ನು ಒಂದೊಂದಾಗಿ, ಸುಮಾರು ಒಂದೂವರೆ ಸಾವಿರ ಕಿಲೋಮೀಟರ್ ದೂರದ ಬೆಂಗಳೂರಿಗೆ ಹಾರಿಸಿ ತಂದರು. ಅದು ನಾಲ್ಕು ಇಂಜಿನ್‌ಗಳ, 110 ಅಡಿ ರೆಕ್ಕೆಹರವಿನ ವಿಮಾನ! ಸುಮಾರು ನಲವತ್ತು ಬಾರಿ ಇಂಥ ಪ್ರಯಾಣ. ನನ್ನ ಮಟ್ಟಿಗೆ ಇದು ಯಾವ ಯುದ್ಧಸಾಹಸಕ್ಕೂ ಕಡಿಮೆಯದಲ್ಲ.

ಧೈರ್ಯವೊಂದೇ ಸಾಲದಷ್ಟೆ. ಬೆಂಗಳೂರಿನ ಕೆಲಸಗಾರರಿಗೆ ಇದು ಹೇಗೆ ಸಾಧ್ಯವಾಯಿತು? ಗುಟ್ಟು ಇಂಜಿನ್ನಿನಲ್ಲಿದೆ. ಲಿಬರೇಟರ್‌ನದು 14 ಸಿಲಿಂಡರ್‌ಗಳ ಪ್ರ್ಯಾಟ್ ಅಂಡ್ ವಿಟ್ನಿ ಇಂಜಿನ್. ಡಕೋಟಾಗೂ, ನೀರಿನ ಮೇಲಿಳಿಯುವ ಕ್ಯಾಟಲೀನಾಗೂ ಅದೇ ಕುಟುಂಬದ ಇಂಜಿನ್. ಯುದ್ಧದ ದಿನಗಳಲ್ಲಿ ಇದೇ ಕಾರ್ಖಾನೆ ಅಮೆರಿಕನ್ನರ ದುರಸ್ತಿ ಕೇಂದ್ರವಾಗಿತ್ತು. ಕ್ಯಾಟಲೀನಾಗಳು ಬೆಳ್ಳಂದೂರು ಕೆರೆಯಲ್ಲಿ ಬಂದಿಳಿಯುತ್ತಿದ್ದವು. (ಇಂದಿನ ಬೆಳ್ಳಂದೂರನ್ನು ಬಲ್ಲವರಿಗೆ ನಂಬುವುದು ಕಷ್ಟ!) ಅಲ್ಲಿ ಕೆಲಸ ಕಲಿತ ಕೈಗಳು ಇಲ್ಲಿ ಒದಗಿದವು.

1948ರ ನವೆಂಬರಿನಲ್ಲಿ ವಾಯುಪಡೆಯ 5ನೇ ಸ್ಕ್ವಾಡ್ರನ್ ಲಿಬರೇಟರ್‌ಗಳೊಂದಿಗೆ ಆರಂಭವಾಯಿತು. ಬಾಂಬರ್ ಪಾತ್ರ ಮುಗಿದ ಮೇಲೂ ಇವು ಸಮುದ್ರದ ಮೇಲೆ ಗಸ್ತು ತಿರುಗಿ, 1968ರಲ್ಲಿ ನಿವೃತ್ತವಾದವು. ಅಷ್ಟರಲ್ಲಿ ಬೇರೆ ದೇಶಗಳಲ್ಲಿ ಲಿಬರೇಟರ್‌ಗಳು ಬಹುಮಟ್ಟಿಗೆ ಕುಲುಮೆ ಸೇರಿದ್ದವು. ಹೀಗಾಗಿ ಜಗತ್ತಿನ ಸಂಗ್ರಹಾಲಯಗಳು ಭಾರತದತ್ತ ತಿರುಗಿದವು. 1969ರಲ್ಲಿ ಒಂದು ಅಮೆರಿಕದ ಅರಿಜೋನಾಕ್ಕೆ, 1974ರಲ್ಲಿ ಇನ್ನೊಂದು ಬ್ರಿಟನ್ನಿಗೆ ತಾವಾಗಿಯೇ ಹಾರಿಹೋದವು.

ಮತ್ತೊಂದು ವಿಮಾನ ಇಲ್ಲಿಯೇ ಬಯಲಲ್ಲಿ ಬಿದ್ದಿತ್ತು. 1980ರ ದಶಕದಲ್ಲಿ ಅದನ್ನು ಬಿಚ್ಚಿ ಇಂಗ್ಲೆಂಡಿಗೂ, ಅಲ್ಲಿಂದ ಅಮೆರಿಕಕ್ಕೂ ಸಾಗಿಸಿದರು. ಕಾಲಿಂಗ್ಸ್ ಪ್ರತಿಷ್ಠಾನ ವರ್ಷಗಟ್ಟಲೆ ಅದರ ಜೀರ್ಣೋದ್ಧಾರ ಮಾಡಿಸಿತು. 1989ರಲ್ಲಿ ಅದು ಮತ್ತೆ ಆಕಾಶಕ್ಕೇರಿತು. ಗುಜರಿಯ ಪಾಲಾಗಿದ್ದ ಆ ವಿಮಾನಕ್ಕೆ ಅದು ಎರಡನೆಯ ಮರುಹುಟ್ಟು. ಮೊದಲನೆಯದು ಆದದ್ದು ಬೆಂಗಳೂರಿನಲ್ಲಿ.